ಪೊರಕೆಕಡ್ಡಿಯ ಅಳತೆ

ಐವತ್ತು ದಾಟಿದ ಮೇಲೆ ಮುಖ ಬರೆಯಲು ಕಲಿಯುತ್ತಿದ್ದೇನೆ. ಫೋಟೋದಂಥ ಮುಖವಲ್ಲ, ಶೈಲೀಕೃತ ಮುಖ. ಇದನ್ನು ಆರಿಸಿಕೊಂಡದ್ದರ ಹಿಂದೆ ಒಂದು ಕಳ್ಳಬುದ್ಧಿಯೂ ಇತ್ತು: ಮೂಗು ಸೊಟ್ಟಗಾದರೆ ಅದೇ ನನ್ನ ಶೈಲಿ ಎಂದುಬಿಡಬಹುದು. ಗುರುಗಳು ಮೊದಲ ದಿನವೇ ಹಿಡಿದರು. "ಇದು ನೀವು ತಿರುಗಿಸಿದ ಮೂಗಲ್ಲ, ತಾನೇ ತಿರುಗಿಕೊಂಡದ್ದು" ಎಂದರು.

ಆಂಡ್ರ್ಯೂ ಲೂಮಿಸ್ ಎಂಬ ಅಮೆರಿಕದ ಚಿತ್ರಕಾರ ಕಲಿಸಿದ ಕ್ರಮದಲ್ಲಿ ತಲೆಯೆಂದರೆ ಎರಡು ಬದಿ ಕೊಯ್ದ ಚೆಂಡು. ನಾನು ದಿನಗಟ್ಟಲೆ ಕೊಯ್ದ ಮೂಸಂಬಿಗಳನ್ನೇ ಬರೆದೆ. ಆಮೇಲೆ ಕಣ್ಣು. ನನ್ನ ಚಿತ್ರಗಳಲ್ಲಿ ಅದು ಯಾವಾಗಲೂ ಹಣೆಗೆ ಹತ್ತಿ ಕೂರುತ್ತಿತ್ತು. ನೆತ್ತಿಯಿಂದ ಗದ್ದದವರೆಗೆ ಅಳೆದರೆ ಕಣ್ಣು ಹೆಚ್ಚುಕಡಿಮೆ ನಡುವಿಗೆ ಬರುತ್ತದಂತೆ. ನಂಬಿಕೆಯಾಗದೆ ಪೊರಕೆಕಡ್ಡಿ ಹಿಡಿದು ಅಮ್ಮನ ಮುಂದೆ ನಿಂತೆ. "ಇನ್ನೂ ಉಸಿರಾಡುತ್ತಿದ್ದೇನೆ, ಈಗಲೇ ಯಾಕೆ ಅಳತೆ?" ಎಂದಳು. ನೆತ್ತಿಯಿಂದ ಗದ್ದಕ್ಕೆ ಹಿಡಿದು, ಕಣ್ಣಿನ ಮಟ್ಟದಲ್ಲಿ ಕಡ್ಡಿ ಮುರಿದೆ. ಎರಡೂ ತುಂಡು ಸಮ! ಇಷ್ಟು ವರ್ಷ ಅಮ್ಮನ ಅರ್ಧ ತಲೆಯನ್ನು ನಾನು ಲೆಕ್ಕಕ್ಕೇ ಹಿಡಿದಿರಲಿಲ್ಲ.

ನಮ್ಮ ಶಿಲ್ಪಿಗಳದು ಇನ್ನೊಂದು ಲೆಕ್ಕ. ಕೂದಲಂಚಿನಿಂದ ಗದ್ದದವರೆಗೆ ಒಂದು ತಾಳ, ಅಂದರೆ 12 ಅಂಗುಲ. ಈ ಅಂಗುಲ ಇಂಚಲ್ಲ, ಆ ಮುಖದ್ದೇ ಹನ್ನೆರಡರಲ್ಲೊಂದು ಪಾಲು. ಹಣೆಗೆ 4, ಮೂಗಿಗೆ 4, ಮೂಗಿನ ಕೆಳಗೆ 4. ಮೀನಿನ ಕಣ್ಣು, ಬಿಲ್ಲಿನ ಹುಬ್ಬು, ಎಳ್ಳುಹೂವಿನ ಮೂಗು, ಈ ಬೆಡಗೆಲ್ಲ ಆ ಅಳತೆಯ ಮೇಲೆ ಕೂತದ್ದು.

ಬಣ್ಣಕ್ಕೆ ಬಂದಾಗ ಗುರುಗಳು ಕಪ್ಪು ಬಣ್ಣದ ಟ್ಯೂಬನ್ನು ಕಿತ್ತಿಟ್ಟುಕೊಂಡರು. ನೆರಳಿಗೆ ಕಪ್ಪು ಬಳಿದರೆ ಮುಖಕ್ಕೆ ಮಸಿ ಹಿಡಿದಂತಾಗುತ್ತದೆ. ಕಣ್ಣು ಕಿರಿದು ಮಾಡಿ ನೋಡಿ ಎಂದರು. ಕಿಟಕಿಯ ಪಕ್ಕ ಅವರೆಕಾಯಿ ಸುಲಿಯುತ್ತಿದ್ದ ಅಮ್ಮನನ್ನು ಹಾಗೆ ನೋಡಿದೆ. ಸುಕ್ಕುಗಳು ಅಳಿಸಿಹೋದವು. ಕಣ್ಣಿನ ಗುಳಿ, ಮೂಗಿನ ಮಗ್ಗುಲು, ಮೇಲ್ದುಟಿ ಸೇರಿ ಒಂದೇ ನೆರಳು; ಉಳಿದದ್ದು ಬೆಳಕು. ಮೂಗಿನ ನೆರಳಿನ ಅಂಚು ಬ್ಲೇಡಿನಲ್ಲಿ ಕತ್ತರಿಸಿದಂತಿತ್ತು, ಕೆನ್ನೆಯ ಮೇಲಿನದು ಮಾತ್ರ ಹಾಲಿನ ಕೆನೆಯಂತೆ ಕರಗುತ್ತಿತ್ತು. ಮೂಗುತಿಗೆ ಬಿಳಿಯ ಒಂದೇ ಚುಕ್ಕೆ ಸಾಕಾಯಿತು.

ಇನ್ನು ಶೈಲಿ. ಅಮ್ಮನ ಮುಖದಲ್ಲಿ ಎದ್ದು ಕಾಣುವುದು ಉದ್ದ ಗದ್ದ. ಅದನ್ನು ಬೇಕೆಂದೇ ಇನ್ನಷ್ಟು ಎಳೆದೆ, ಬಾಯನ್ನು ಚಿಕ್ಕದು ಮಾಡಿದೆ. ಗುರುಗಳು ಒಂದು "ಹ್ಞೂಂ" ಕೊಟ್ಟರು. ಅವರ ಮಟ್ಟಿಗೆ ಅದು ಸನ್ಮಾನ.

ಚಿತ್ರ ಮನೆಗೆ ತಂದಾಗ ಅಮ್ಮ ಮಾತಾಡಲಿಲ್ಲ. ಕನ್ನಡಕ ಹಾಕಿಕೊಂಡು, ಮೂಲೆಯ ಪೊರಕೆಯಿಂದ ಕಡ್ಡಿಯೊಂದನ್ನು ಎಳೆದು, ಚಿತ್ರದ ಹಣೆಗಿಟ್ಟಳು, ಮೂಗಿಗಿಟ್ಟಳು, ಮೂಗಿನ ಕೆಳಗಿಟ್ಟಳು.

"ನಾಲ್ಕು ಅಂದಿದ್ದೆಯಲ್ಲೋ?"