ತಿಂದದ್ದು ಕೆಂಪು, ತಿನ್ನದ್ದು ಹಸಿರು

ಹೊಟ್ಟೆಯುಬ್ಬರದಿಂದ ಬಳಲುವ ಬೆಂಗಳೂರಿನ ಗೃಹಸ್ಥರು ತಮ್ಮ ಶತ್ರುಗಳು ಯಾರೆಂದು ತಿಳಿಯಲು ಈಗ ಅಂಜನ ಹಾಕಿಸಬೇಕಾಗಿಲ್ಲ. ಮೊಬೈಲಿನಲ್ಲಿ ಹಣ ಕಟ್ಟಿದರೆ ಮನೆಗೇ ಬಂದು ಒಂದಿಷ್ಟು ರಕ್ತ ತೆಗೆದುಕೊಂಡು ಹೋಗುತ್ತಾರೆ. ಕೆಲವು ದಿನ ಕಳೆದ ಮೇಲೆ ‘ಆಹಾರ ಅಸಹಿಷ್ಣುತೆ ತಪಾಸಣೆ’ ಎಂಬ ಘನವಾದ ಹೆಸರು ಹೊತ್ತ, 200ಕ್ಕೂ ಹೆಚ್ಚು ತಿನಿಸುಗಳ ಜಾತಕವನ್ನು ಕೆಂಪು, ಹಳದಿ, ಹಸಿರು ಬಣ್ಣಗಳಲ್ಲಿ ಬರೆದ ವರದಿಯೊಂದು ಕೈಸೇರುತ್ತದೆ. ಕೆಂಪು ಪಟ್ಟಿಯಲ್ಲಿರುವುದನ್ನು ಇಂದಿನಿಂದಲೇ ಬಿಡಬೇಕು, ಹಳದಿಯದನ್ನು ಅಪರೂಪಕ್ಕೆ ಮುಟ್ಟಬಹುದು, ಹಸಿರನ್ನು ಧಾರಾಳವಾಗಿ ತಿನ್ನಬಹುದು.

ಇಂಥ ವರದಿಯನ್ನು ಸ್ವಲ್ಪ ಹತ್ತಿರದಿಂದ ಓದಿದರೆ ಅದರ ಸೊಗಸು ತಿಳಿಯುತ್ತದೆ. ಹುಟ್ಟಿದಾರಭ್ಯ ಅನ್ನ, ಹುಳಿ, ಮಜ್ಜಿಗೆಯಲ್ಲೇ ಬೆಳೆದವರ ಕೆಂಪು ಪಟ್ಟಿಯಲ್ಲಿ ಅಕ್ಕಿ, ತೊಗರಿಬೇಳೆ, ಹಸುವಿನ ಹಾಲು, ಗೋಧಿ, ಕಡಲೆಕಾಯಿ ಸಾಲಾಗಿ ಕುಳಿತಿರುತ್ತವೆ. ಹಸಿರು ಪಟ್ಟಿಯಲ್ಲಿ ಅಟ್ಲಾಂಟಿಕ್ ಸಮುದ್ರದ ಕಾಡ್ ಮೀನು, ಬ್ಲೂಬೆರಿ, ಆಸ್ಪರಾಗಸ್ ಮತ್ತು ಒಂದೆರಡು ಬಗೆಯ ಸಿಂಪಿ ಇರುತ್ತವೆ. ಓದುವವರು ಸಸ್ಯಾಹಾರಿಗಳಾಗಿದ್ದರಂತೂ ಸಿಂಪಿಯ ವಿಷಯದಲ್ಲಿ ಅವರ ದೇಹ ಎಷ್ಟು ನಿರ್ಮಲವಾಗಿದೆ ಎಂಬುದು ಅವರಿಗೇ ಅಚ್ಚರಿ ತರುತ್ತದೆ. ಮೂರು ತಲೆಮಾರಿನಿಂದ ಮನೆಯವರು ತಿನ್ನುತ್ತ ಬಂದದ್ದೆಲ್ಲ ವಿಷವೆಂದೂ, ಮನೆಯಲ್ಲಿ ಯಾರೂ ಕಂಡೇ ಇರದದ್ದು ಅಮೃತವೆಂದೂ ಒಂದು ಯಂತ್ರ ಹೇಳಿದಾಗ, ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡವನಂತೆ, ನಾವು ಕೂಡಲೇ ಹೊಟ್ಟೆ ಮುಟ್ಟಿ ನೋಡಿಕೊಂಡು ಹೌದೆನ್ನುತ್ತೇವೆ.

ಈ ವಿಷಯದಲ್ಲಿ ಕರುಳಿನ ಅಭಿಪ್ರಾಯವನ್ನು ಯಾರೂ ಕೇಳಿದಂತಿಲ್ಲ. ಸಣ್ಣಕರುಳಿನ ಒಳಮೈಯನ್ನು ಹೊದ್ದಿರುವುದು ಒಂದೇ ಸಾಲು ಜೀವಕೋಶಗಳು ಮತ್ತು ಅದರ ಮೇಲೊಂದಿಷ್ಟು ಲೋಳೆ. ಆ ಕಡೆ ನಿನ್ನೆಯ ಊಟ ಮತ್ತು ಲೆಕ್ಕಕ್ಕೆ ಸಿಗದಷ್ಟು ಬ್ಯಾಕ್ಟೀರಿಯಾ, ಈ ಕಡೆ ದೇಹದ ಅತಿ ದೊಡ್ಡ ರೋಗನಿರೋಧಕ ಪಡೆ. ಬಾಯಿಯಿಂದ ಕೊನೆಯವರೆಗಿನ ಈ ಮೇಲ್ಮೈಯನ್ನು ಬಿಡಿಸಿ ಹಾಸಿದರೆ ಟೆನಿಸ್ ಅಂಕಣದಷ್ಟಾಗುತ್ತದೆಂದು ಪಠ್ಯಪುಸ್ತಕಗಳು ಬಹುಕಾಲ ಹೇಳುತ್ತಿದ್ದವು. 2014ರಲ್ಲಿ ಸ್ವೀಡನ್ನಿನ ಸಂಶೋಧಕರು ಮತ್ತೆ ಅಳೆದು ಸುಮಾರು 32 ಚದರ ಮೀಟರ್ ಎಂದರು. ಬೆಂಗಳೂರಿನಲ್ಲಿ ಇಷ್ಟು ಜಾಗಕ್ಕೆ ಒಂದು ಚಿಕ್ಕ ಮನೆಯೇ ಬಾಡಿಗೆಗೆ ಹೋಗುತ್ತದೆಯಾದ್ದರಿಂದ ಕಡಿಮೆಯಾಯಿತೆಂದು ಕೊರಗಬೇಕಾಗಿಲ್ಲ.

ಈ ಗೋಡೆಯ ಉದ್ದಕ್ಕೂ ಅಲ್ಲಲ್ಲಿ ನಿರೋಧಕ ಕೋಶಗಳ ಗುಂಪುಗಳಿವೆ. 1677ರಲ್ಲಿ ಸ್ವಿಟ್ಜರ್ಲೆಂಡಿನ ಯೋಹಾನ್ ಕಾನ್ರಾಡ್ ಪೇಯರ್ ಅವನ್ನು ವಿವರಿಸಿದ್ದರಿಂದ ಇಂದಿಗೂ ಅವು ಆತನ ಹೆಸರಿನಲ್ಲೇ ಇವೆ. ಅವುಗಳ ಮೇಲ್ಭಾಗದ ಎಂ-ಕೋಶಗಳು ಕರುಳಿನೊಳಗೆ ಹರಿದು ಬರುವ ಸರಕಿನ ಚೂರುಗಳನ್ನು, ಅಂದರೆ ಪ್ರತಿಜನಕಗಳನ್ನು, ಎಳೆದುಕೊಂಡು ಕೆಳಗೆ ಕಾದಿರುವ ಡೆಂಡ್ರಿಟಿಕ್ ಕೋಶಗಳಿಗೆ ಒಪ್ಪಿಸುತ್ತವೆ. ಡೆಂಡ್ರಿಟಿಕ್ ಕೋಶಗಳು ಅವನ್ನು ಹೊತ್ತು ಕರುಳಿನ ಪಕ್ಕದ ದುಗ್ಧಗ್ರಂಥಿಗಳಿಗೆ ನಡೆದು, ಅಲ್ಲಿ ಇನ್ನೂ ಯಾವ ಕೆಲಸವನ್ನೂ ಕಲಿತಿರದ ಟಿ-ಕೋಶಗಳೆಂಬ ನಿರೋಧಕ ಕೋಶಗಳಿಗೆ ತೋರಿಸುತ್ತವೆ. ಆ ಟಿ-ಕೋಶ ಮುಂದೇನಾಗಬೇಕೆಂಬುದು ಚೂರು ಯಾವುದೆಂಬುದರ ಜೊತೆಗೆ ಅದು ಬಂದ ಸಂದರ್ಭವನ್ನೂ ಅವಲಂಬಿಸಿರುತ್ತದೆ. ಗೋಡೆ ಒಡೆದಿದ್ದರೆ, ರೋಗಾಣುವಿನ ಗುರುತು ಕಂಡಿದ್ದರೆ, ದಾಳಿಯ ಆದೇಶ ಹೊರಡುತ್ತದೆ. ಎಲ್ಲವೂ ಶಾಂತವಾಗಿದ್ದರೆ ಡೆಂಡ್ರಿಟಿಕ್ ಕೋಶವು ಎ-ವಿಟಮಿನ್ನಿನಿಂದ ತಯಾರಿಸಿದ ರೆಟಿನೋಯಿಕ್ ಆಮ್ಲ ಮತ್ತು ಟಿಜಿಎಫ್-ಬೀಟಾ ಎಂಬ ಸಂಕೇತದ ನೆರವಿನಿಂದ ಅದೇ ಟಿ-ಕೋಶವನ್ನು ‘ನಿಯಂತ್ರಕ ಟಿ-ಕೋಶ’ವಾಗಿ ತಿದ್ದುತ್ತದೆ, ಇನ್ನುಮುಂದೆ ಈ ತೊಗರಿಬೇಳೆಯನ್ನು ಕಂಡು ಯಾರಾದರೂ ರೇಗಿದರೆ ಅವರನ್ನು ಸುಮ್ಮನಾಗಿಸುವುದೇ ಅದರ ಉದ್ಯೋಗ. ಜೊತೆಗೆ ದಿನವೊಂದಕ್ಕೆ ಹಲವಾರು ಗ್ರಾಂಗಳಷ್ಟು ಐಜಿಎ ಎಂಬ ಪ್ರತಿಕಾಯ, ಅಂದರೆ ಅನ್ಯ ಪದಾರ್ಥಗಳನ್ನು ಗುರುತಿಸಿ ಅಂಟಿಕೊಳ್ಳುವ ಪ್ರೋಟೀನು, ಲೋಳೆಯೊಳಕ್ಕೆ ಸುರಿಯುತ್ತದೆ. ಅದು ಬ್ಯಾಕ್ಟೀರಿಯಾಗಳಿಗೆ ಅಂಟಿಕೊಂಡು ಅವನ್ನು ಗೋಡೆಯಿಂದ ದೂರವಿಡುತ್ತದೆ. ಊತ, ಉರಿ, ಗದ್ದಲ ಯಾವುದೂ ಇಲ್ಲ.

ಅಂದರೆ, ದಿನವಿಡೀ ಅನ್ಯ ಪದಾರ್ಥಗಳನ್ನು ಗುರುತಿಸುತ್ತ, ಗುರುತಿಸಿದ ಮೇಲೂ ಅವುಗಳಲ್ಲಿ ಬಹುಪಾಲಿನ ತಂಟೆಗೆ ಹೋಗದಿರುವುದೇ ಈ ಪಡೆಯ ಮುಖ್ಯ ಸಾಧನೆ. ಇದನ್ನು ಮಾರುವುದು ಕಷ್ಟ. ‘ನಮ್ಮ ಪುಡಿಯನ್ನು ಸೇವಿಸಿ, ನಿಮ್ಮ ಕರುಳು ಏನನ್ನೂ ಮಾಡದೆ ಸುಮ್ಮನಿರುತ್ತದೆ’ ಎಂಬ ಜಾಹೀರಾತಿಗೆ ಯಾವ ಚಿತ್ರನಟನೂ ಒಪ್ಪಲಾರ. ಆದ್ದರಿಂದ ಪೇಟೆಯಲ್ಲಿ ನಿರೋಧಕ ಶಕ್ತಿಯನ್ನು ‘ಹೆಚ್ಚಿಸುವ’ ಕಷಾಯ, ಬಿಸ್ಕತ್ತು, ಲಡ್ಡುಗಳಿವೆ. ಅದು ಯಾರ ಮೇಲೆ ಹೆಚ್ಚಬೇಕೆಂದು ಡಬ್ಬಿಯ ಮೇಲೆ ಬರೆದಿರುವುದಿಲ್ಲ. ಅದು ಹೆಚ್ಚಿದಾಗ ಏನಾಗುತ್ತದೆಂದು ಕಡಲೆಕಾಯಿ ಅಲರ್ಜಿಯವರನ್ನು ಕೇಳಬಹುದು.

ಈಗ ವರದಿಯ ಗುಟ್ಟಿಗೆ ಬರೋಣ. ಅದು ಅಳೆಯುವುದು ಆಹಾರದ ವಿರುದ್ಧ ರಕ್ತದಲ್ಲಿರುವ ಐಜಿಜಿ ಎಂಬ ಪ್ರತಿಕಾಯವನ್ನು, ಹಲವು ಕಡೆ ಅದರ ಉಪಜಾತಿಯಾದ ಐಜಿಜಿ4 ಅನ್ನು. ನಿಜವಾದ ಅಲರ್ಜಿಯಲ್ಲಿ ಕೈಯಾಡಿಸುವುದು ಐಜಿಇ ಎಂಬ ಇನ್ನೊಂದು ಪ್ರತಿಕಾಯ. ಆ ಕಥೆಯೇ ಸ್ವಾರಸ್ಯಕರ: ಬೇಯಿಸಿದ ಮೀನು ತಿಂದರೆ ಮೈಯೆಲ್ಲ ಗಂಧೆ ಏಳುತ್ತಿದ್ದ ಹೈನ್ಸ್ ಕ್ಯೂಸ್ಟ್ನರ್ ಎಂಬ ವೈದ್ಯನ ರಕ್ತದ್ರವವನ್ನು 1921ರಲ್ಲಿ ಆತನ ಸಹೋದ್ಯೋಗಿ ಕಾರ್ಲ್ ಪ್ರೌಸ್ನಿಟ್ಸ್ ತನ್ನದೇ ಚರ್ಮಕ್ಕೆ ಚುಚ್ಚಿಕೊಂಡು, ಮರುದಿನ ಅದೇ ಜಾಗಕ್ಕೆ ಮೀನಿನ ಸಾರ ಚುಚ್ಚಿದಾಗ ಅಲ್ಲಿ ದದ್ದು ಎದ್ದಿತು. ಪಾಪ, ಅವರ ಬಳಿ ಬಣ್ಣದ ವರದಿ ಇರಲಿಲ್ಲ, ಚರ್ಮ ಮಾತ್ರ ಇತ್ತು. ಐಜಿಜಿ ಹೀಗೆ ದದ್ದೆಬ್ಬಿಸುವುದಿಲ್ಲ. ಒಂದು ಆಹಾರವನ್ನು ಮತ್ತೆ ಮತ್ತೆ ತಿಂದವರಲ್ಲಿ ಅದು ಇರುವುದು ಸಹಜ. ಅಲರ್ಜಿಯಿರುವ ಮಕ್ಕಳಿಗೆ ವೈದ್ಯರ ಕಣ್ಣೆದುರಿನಲ್ಲಿ ಆ ಆಹಾರವನ್ನೇ ಚಿಟಿಕೆ ಚಿಟಿಕೆಯಾಗಿ ತಿನ್ನಿಸಿ ಒಗ್ಗಿಸುವಾಗ ಐಜಿಜಿ4 ಏರುತ್ತದೆ. ಹೀಗಾಗಿಯೇ ಯುರೋಪಿನ ಅಲರ್ಜಿ ತಜ್ಞರ ಅಕಾಡೆಮಿಯ ಕಾರ್ಯಪಡೆ 2008ರಲ್ಲಿ, ಕೆನಡಾದ ಅಲರ್ಜಿ ತಜ್ಞರ ಸಂಘ 2012ರಲ್ಲಿ, ಈ ಪರೀಕ್ಷೆಯಿಂದ ಆಹಾರದ ಅಲರ್ಜಿಯನ್ನಾಗಲೀ ಅಸಹಿಷ್ಣುತೆಯನ್ನಾಗಲೀ ಪತ್ತೆಮಾಡಬಾರದೆಂದು ಸ್ಪಷ್ಟವಾಗಿ ಬರೆದವು.

ಇದರ ಅರ್ಥವಿಷ್ಟೇ: ಗ್ರಾಹಕರು ಕೆಲವು ಸಾವಿರ ರೂಪಾಯಿ ಕೊಟ್ಟು ತಮ್ಮ ಮನೆಯ ದಿನಸಿ ಚೀಟಿಯನ್ನೇ ಬಣ್ಣದಲ್ಲಿ ಅಚ್ಚು ಹಾಕಿಸಿಕೊಂಡಿದ್ದಾರೆ. ಅಕ್ಕಿ ಹೆಚ್ಚು ತಂದವರಿಗೆ ಅಕ್ಕಿ ಕೆಂಪು. ‘ವರದಿ ನನ್ನ ಊಟವನ್ನು ಎಷ್ಟು ಕರಾರುವಾಕ್ಕಾಗಿ ಹಿಡಿದಿದೆ ನೋಡಿ, ನಾನು ದಿನಾ ತಿನ್ನುವುದೆಲ್ಲ ಇದರಲ್ಲಿದೆ’ ಎಂದು ಗ್ರಾಹಕರು ಬೆರಗಾಗುವುದನ್ನು ಪರೀಕ್ಷೆಯ ಯಶಸ್ಸೆಂದು ಬಗೆಯುವ ಪ್ರಯೋಗಾಲಯದವರ ವ್ಯಾಪಾರ ಜಾಣ್ಮೆಯನ್ನು ಮೆಚ್ಚಲೇಬೇಕು.

ಹಾಲು ಕುಡಿದರೆ ಹೊಟ್ಟೆ ಗುಡುಗುವವರ ಅವಸ್ಥೆ ಇನ್ನೂ ಕರುಣಾಜನಕ. ಅವರಿಗಿರುವ ಕೊರತೆ ಹಾಲಿನ ಸಕ್ಕರೆಯನ್ನು ಒಡೆಯುವ ಲ್ಯಾಕ್ಟೇಸ್ ಎಂಬ ಕಿಣ್ವದ್ದು. ನಿರೋಧಕ ವ್ಯವಸ್ಥೆಗೂ ಅದಕ್ಕೂ ಸಂಬಂಧವಿಲ್ಲ. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಎಂಬಂತೆ ಅವರ ಪ್ರತಿಕಾಯಗಳನ್ನು ಎಣಿಸಿ, ಹಾಲಿನ ಜೊತೆಗೆ ಗೋಧಿ ಮತ್ತು ಮೊಟ್ಟೆಗೂ ಶಿಕ್ಷೆ ಕೊಡಲಾಗುತ್ತದೆ.

ಗೋಧಿಯ ಪ್ರಕರಣವಂತೂ ನಗೆಯನ್ನು ಅರ್ಧಕ್ಕೆ ನಿಲ್ಲಿಸುತ್ತದೆ. ಗೋಧಿಯ ಗ್ಲುಟೆನ್ ಕಂಡು ಕರುಳಿನ ಟಿ-ಕೋಶಗಳು ನಿಜವಾಗಿಯೂ ತಿರುಗಿ ಬೀಳುವ ಕಾಯಿಲೆ ಒಂದಿದೆ, ಅದೇ ಸೀಲಿಯಾಕ್. ಡಚ್ ಮಕ್ಕಳ ವೈದ್ಯ ವಿಲ್ಲೆಮ್ ಡಿಕ್ 1940ರ ದಶಕದಲ್ಲಿ ಅದರ ಅಪರಾಧಿ ಗೋಧಿಯೆಂದು ತೋರಿಸಿದ. ನಮ್ಮ ದೇಶದಲ್ಲಿ ಅದು ದಕ್ಷಿಣಕ್ಕಿಂತ ಗೋಧಿ ರೊಟ್ಟಿ ತಿನ್ನುವ ಉತ್ತರದಲ್ಲಿ ಹೆಚ್ಚು. ಅದಕ್ಕೆ ಬೇರೆಯೇ ಪ್ರತಿಕಾಯದ ರಕ್ತಪರೀಕ್ಷೆಯಿದೆ, ಕರುಳಿನ ಚೂರು ತೆಗೆದು ನೋಡುವ ವಿಧಾನವಿದೆ. ಆದರೆ ಅವೆರಡೂ ಗೋಧಿ ತಿನ್ನುತ್ತಿರುವವರಲ್ಲಿ ಮಾತ್ರ ನಂಬಲರ್ಹ. ಬಣ್ಣದ ವರದಿಯನ್ನು ನಂಬಿ ತಿಂಗಳುಗಟ್ಟಲೆ ಚಪಾತಿ ಬಿಟ್ಟವರು ಕೊನೆಗೆ ಕರುಳಿನ ವೈದ್ಯರಲ್ಲಿಗೆ ಹೋದಾಗ, ಇರುವ ಕಾಯಿಲೆಯೂ ಪರೀಕ್ಷೆಯಲ್ಲಿ ಕಾಣದೆ ಹೋಗಬಹುದು. ವೈದ್ಯರು ಆಗ ಮತ್ತೆ ಚಪಾತಿ ತಿಂದು ಬನ್ನಿ ಎನ್ನುತ್ತಾರೆ, ರೋಗಿ ಕೆಂಪು ಪಟ್ಟಿಯನ್ನು ಮುಂದೆ ಹಿಡಿಯುತ್ತಾರೆ.

ಆಹಾರವನ್ನು ದೂರವಿಟ್ಟರೆ ಕ್ಷೇಮ ಎಂಬ ಭ್ರಮೆ ದೊಡ್ಡ ತಜ್ಞರನ್ನೂ ಬಿಟ್ಟಿರಲಿಲ್ಲ. ಅಲರ್ಜಿಯ ಅಪಾಯವಿರುವ ಮಕ್ಕಳಿಗೆ ಮೂರು ವರ್ಷದವರೆಗೆ ಕಡಲೆಕಾಯಿ ಕೊಡಬೇಡಿ ಎಂದು ಅಮೆರಿಕದ ಮಕ್ಕಳ ತಜ್ಞರ ಅಕಾಡೆಮಿ 2000ದಲ್ಲಿ ಹೇಳಿ, 2008ರಲ್ಲಿ ಆ ಸಲಹೆಯನ್ನು ಹಿಂದೆಗೆದುಕೊಂಡಿತು. 2015ರಲ್ಲಿ ಲಂಡನ್ನಿನ ಗಿಡಿಯನ್ ಲ್ಯಾಕ್ ತಂಡ 640 ಶಿಶುಗಳ ಅಧ್ಯಯನವನ್ನು ಪ್ರಕಟಿಸಿ, ಎಳವೆಯಿಂದಲೇ ಕಡಲೆಕಾಯಿ ತಿಂದವರಲ್ಲಿ ಅದರ ಅಲರ್ಜಿ ಸುಮಾರು ಶೇ. 80ರಷ್ಟು ಕಡಿಮೆಯಾದುದನ್ನು ತೋರಿಸಿತು. ಕರುಳಿನ ಮೂಲಕ ಮೊದಲು ಪರಿಚಯವಾದದ್ದನ್ನು ದೇಹ ಸಹಿಸಲು ಕಲಿಯುತ್ತದೆಂಬುದು 1911ರಲ್ಲೇ ವೆಲ್ಸ್ ಮತ್ತು ಆಸ್ಬಾರ್ನ್ ಅವರ ಗಿನಿಯಿಲಿಗಳು ತಿಳಿಸಿದ್ದ ವಿಚಾರ: ಮೆಕ್ಕೆಜೋಳ ತಿಂದು ಬೆಳೆದವುಗಳಿಗೆ ಅದರ ಪ್ರೋಟೀನನ್ನು ಚುಚ್ಚಿದರೂ ಅವು ತತ್ತರಿಸಲಿಲ್ಲ. ಇಲಿಗಳಿಗೆ ಅರ್ಥವಾದದ್ದು ಮನುಷ್ಯರ ಮಾರ್ಗಸೂಚಿಗೆ ಏರಲು ಶತಮಾನ ಹಿಡಿಯಿತು. ಬಣ್ಣದ ವರದಿಯವರಿಗೆ ಅದು ಇನ್ನೂ ತಲುಪಬೇಕಾಗಿದೆ.

ಅಷ್ಟರೊಳಗೆ ನಮ್ಮ ಗೃಹಸ್ಥರು ಅಕ್ಕಿ ಬಿಟ್ಟು ನವಣೆ, ಸಾಮೆಗೆ ತಿರುಗಿರುತ್ತಾರೆ. ಕರಿದದ್ದು, ಬೇಕರಿಯದು, ಹೊತ್ತಲ್ಲದ ಹೊತ್ತಿನ ಬಿರಿಯಾನಿ ಎಲ್ಲವೂ ಕೆಂಪು ಪಟ್ಟಿಯ ಜೊತೆಗೇ ನಿಂತುಹೋದದ್ದರಿಂದ ಹೊಟ್ಟೆಯುಬ್ಬರ ಸ್ವಲ್ಪ ಇಳಿದಿರುತ್ತದೆ, ಆ ಕೀರ್ತಿ ಪ್ರಯೋಗಾಲಯಕ್ಕೆ ಸಲ್ಲುತ್ತದೆ. ಆರು ತಿಂಗಳಿಗೆ ರಿಯಾಯಿತಿ ದರದಲ್ಲಿ ಮರುಪರೀಕ್ಷೆ. ಬಿಟ್ಟ ಅಕ್ಕಿಯ ಪ್ರತಿಕಾಯ ಇಳಿದು ಹಳದಿಗೆ ಬಂದಿದ್ದರೆ ಅದಕ್ಕೆ ‘ಚೇತರಿಕೆ’ ಎಂದು ಹೆಸರು. ದಿನಾ ಉಂಡ ನವಣೆಯ ಪ್ರತಿಕಾಯ ಏರಿ ಕೆಂಪಿಗೆ ಹೋಗಿದ್ದರೆ ಅದಕ್ಕೂ ಉತ್ತರ ಸಿದ್ಧವಿದೆ: ಇನ್ನಷ್ಟು ತಿನಿಸುಗಳನ್ನು ಸೇರಿಸಿದ ದೊಡ್ಡ ಪ್ಯಾಕೇಜು, ಅದರೊಡನೆ ಆಹಾರ ಸಲಹೆಗಾರರೊಂದಿಗೆ ಅರ್ಧ ಗಂಟೆಯ ಉಚಿತ ಮಾತುಕತೆ, ಮತ್ತು ಆಸ್ಪರಾಗಸ್ ಎಲ್ಲಿ ಸಿಗುತ್ತದೆಂಬ ವಿಳಾಸ.