ಚಡ್ಡಿ ಹಾಕಿದರೆ ಪಿಸ್ತೂಲು ಎಲ್ಲಿಡೋದು?

ಅಮೆರಿಕದ ಟೆಕ್ಸಾಸ್ ರಾಜ್ಯದ ಡಲ್ಲಾಸ್‌ನ ಬೇಸಿಗೆ ನಮ್ಮ ರಾಯಚೂರಿನ ಬೇಸಿಗೆಗೆ ದಾಯಾದಿ. 2011ರಲ್ಲಂತೂ ಅಲ್ಲಿ 71 ದಿನ ಬಿಸಿಲು 100 ಡಿಗ್ರಿ ಫ್ಯಾರನ್‌ಹೀಟ್ ಮುಟ್ಟಿತ್ತು. ನಮ್ಮ ಲೆಕ್ಕದಲ್ಲಿ 38. ಇಂಥ ಸೆಕೆಯಲ್ಲಿ ಬುದ್ಧಿ ಇರುವವರು ತೆಳ್ಳನೆ ಟೀ ಶರ್ಟು, ಮೊಣಕಾಲುದ್ದದ ಚಡ್ಡಿ ಹಾಕಿಕೊಂಡು ನೆರಳಲ್ಲಿ ಕೂರುತ್ತಾರೆ. ಆದರೆ ಟೆಕ್ಸಾಸ್‌ನ ಒಂದು ಜಾತಿಯ ಗಂಡಸರಿಗೆ ಆ ಭಾಗ್ಯ ಇಲ್ಲ. ಜೂನ್ ಬಂತೆಂದರೆ ಅವರಿಗೆ ಒಂದೇ ಚಿಂತೆ. ಜಾಕೆಟ್ ಬಿಚ್ಚಿದ ಮೇಲೆ ಪಿಸ್ತೂಲನ್ನು ಎಲ್ಲಿ ಬಚ್ಚಿಡೋದು?

ಮನೇಲೇ ಇಟ್ಟು ಹೋಗಬಹುದಲ್ವಾ ಅಂತ ಕೇಳಬೇಡಿ. ಹಾಗೆ ಕೇಳುವವರು ಅಲ್ಲಿ ಹೊರಗಿನವರು.

ಸೆಕೆಗಾಲಕ್ಕೆಂದೇ ಸಣ್ಣ ಪಿಸ್ತೂಲುಗಳಿವೆ. ರೂಗರ್ ಎಲ್‌ಸಿಪಿ ಸುಮಾರು 270 ಗ್ರಾಂ. ಚಡ್ಡಿ ಜೇಬಿಗೆ ಹಾಕಿದರೆ ದೊಡ್ಡ ಫೋನಿಗಿಂತ ಸ್ವಲ್ಪವೇ ಭಾರ. ಆದರೆ ಹಿಡಿ ಗಿಡ್ಡ, ಕಿರುಬೆರಳಿಗೆ ಜಾಗವಿಲ್ಲ, ಹೊಡೆದರೆ ಅಂಗೈ ಜುಮ್ಮೆನ್ನುತ್ತದೆ. ದೊಡ್ಡದು ಕೊಂಡರೆ ಗುರಿ ಸರಿ, ಬಚ್ಚಿಡೋದು ಕಷ್ಟ. ಸಣ್ಣದು ಕೊಂಡರೆ ಬಚ್ಚಿಡೋದು ಸುಲಭ, ಗುರಿ ದೇವರ ಕೈಯಲ್ಲಿ. 2018ರಲ್ಲಿ ಸಿಗ್ ಸೌಅರ್ ಕಂಪನಿ ಇದಕ್ಕೊಂದು ರಾಜಿ ಸೂತ್ರ ತಂದಿತು. ಹೆಸರು ಪಿ365. ದಪ್ಪ ಒಂದಿಂಚು, ತೂಕ ಅರ್ಧ ಕೆಜಿ, ಗುಂಡು ತುಂಬುವ ಡಬ್ಬಿಯಲ್ಲಿ, ಅಂದರೆ ಮ್ಯಾಗಝೀನಿನಲ್ಲಿ ಹತ್ತು ಗುಂಡು, ನಳಿಕೆಯ ಬುಡದ ಚೇಂಬರಿನಲ್ಲಿ ಇನ್ನೊಂದು. ವರ್ಷದ 365 ದಿನವೂ ಸೊಂಟದಲ್ಲಿರಲಿ ಎಂಬ ಆಶಯ. ಅಧಿಕ ವರ್ಷದ ಫೆಬ್ರವರಿ 29ಕ್ಕೆ ರಜೆ ಇರಬೇಕು.

ಪಿಸ್ತೂಲು ಕೊಂಡದ್ದು ಬರೀ ನಿಶ್ಚಿತಾರ್ಥ. ಮದುವೆ ಖರ್ಚೆಲ್ಲ ಅದನ್ನು ಸಿಕ್ಕಿಸಿಡುವ ಚೀಲದ್ದು, ಅಂದರೆ ಹೋಲ್‌ಸ್ಟರ್‌ನದ್ದು. ಕಣಕಾಲಿಗೆ ಕಟ್ಟೋಣ ಎಂದರೆ ಚಡ್ಡಿ ಅಲ್ಲಿವರೆಗೆ ಬರುವುದಿಲ್ಲ, ಎಲ್ಲ ಕಾಣುತ್ತದೆ. ಭುಜಕ್ಕೆ ಕಟ್ಟೋಣ ಎಂದರೆ ಮೇಲೆ ಕೋಟು ಬೇಕು. ಕೊನೆಗೆ ಉಳಿಯೋದು ಕಿಬ್ಬೊಟ್ಟೆ. ಪ್ಯಾಂಟಿನೊಳಗೆ, ಬೆಲ್ಟಿನ ಬಕಲಿನ ಪಕ್ಕ. ಇದೇ ಈಗಿನ ಫ್ಯಾಷನ್. ಕೂತಾಗ ನಳಿಕೆ ಯಾವ ಕಡೆ ಮುಖ ಮಾಡಿರುತ್ತದೆ ಅಂತ ನಾನು ಬಿಡಿಸಿ ಹೇಳುವುದಿಲ್ಲ, ಇದನ್ನು ಮನೆಮಂದಿಯೆಲ್ಲ ಓದುತ್ತಾರೆ. ಬೆವರಿಗೆ ಕಬ್ಬಿಣ ತುಕ್ಕು ಹಿಡಿಯುತ್ತದೆ, ಕಬ್ಬಿಣಕ್ಕೆ ಚರ್ಮ ಕೆಂಪಾಗುತ್ತದೆ. ಅದಕ್ಕೇ ಮಧ್ಯೆ ಒಂದು ಬೆವರಿನ ತಡೆ. ಚರ್ಮದ ಹೋಲ್‌ಸ್ಟರ್ ಬೆವರು ಕುಡಿಯುತ್ತದೆ ಎಂದು ಕೈಡೆಕ್ಸ್ ಎಂಬ ಗಟ್ಟಿ ಪ್ಲಾಸ್ಟಿಕ್ಕು. ಅದು ಹೊಟ್ಟೆಗೆ ಒತ್ತುತ್ತದೆ ಎಂದು ಹಿಂದೆ ಒಂದು ಮೆತ್ತೆ. ಭಾರಕ್ಕೆ ಪ್ಯಾಂಟು ಜಾರುತ್ತದೆ ಎಂದು ಅದಕ್ಕೆಂದೇ ದಪ್ಪ ಬೆಲ್ಟು. ಸೊಂಟ 34 ಇದ್ದವನು 36ರ ಪ್ಯಾಂಟು ಕೊಳ್ಳಬೇಕು. ಆ ಎರಡಿಂಚು ಮನೆಯ ಹೊಸ ಸದಸ್ಯನಿಗೆ. ಇಷ್ಟಾದರೂ ಶರ್ಟಿನ ಮೇಲೆ ಉಬ್ಬು ಕಾಣಬಾರದು. ಸಾದಾ ಬಟ್ಟೆಯಲ್ಲಿ ಕಾಣುತ್ತದೆ, ಆದ್ದರಿಂದ ದೊಡ್ಡ ದೊಡ್ಡ ಹೂವಿನ ಹವಾಯಿ ಶರ್ಟು ಒಳ್ಳೆಯದು ಎಂದು ಬಲ್ಲವರ ಸಲಹೆ. ಡಲ್ಲಾಸ್‌ನ ಮಾಲ್‌ನಲ್ಲಿ ದಾಸವಾಳದ ಶರ್ಟು ಹಾಕಿಕೊಂಡು, ಬಗ್ಗದೆ, ಕೈ ಎತ್ತದೆ, ಮೇಲಿನ ಗೂಡಿನ ಕಾರ್ನ್‌ಫ್ಲೇಕ್ಸ್ ಡಬ್ಬಿಯನ್ನು ಹೆಂಡತಿಯ ಕೈಲಿ ತೆಗೆಸುತ್ತಿರುವ ಗಂಡಸು ಕಂಡರೆ ಸೊಂಟನೋವು ಅಂದುಕೊಂಡು ಮರುಗಬೇಡಿ.

ತಮಾಷೆ ಏನೆಂದರೆ, ಟೆಕ್ಸಾಸ್‌ನಲ್ಲಿ ಬಚ್ಚಿಡಲೇಬೇಕು ಅಂತ ಕಾನೂನೇ ಇಲ್ಲ. 2016ರಿಂದ ಲೈಸೆನ್ಸ್ ಇದ್ದವರು ಹೋಲ್‌ಸ್ಟರ್‌ನಲ್ಲಿ ಎಲ್ಲರಿಗೂ ಕಾಣುವಂತೆ ನೇತುಹಾಕಿಕೊಳ್ಳಬಹುದು. 2021ರ ಸೆಪ್ಟೆಂಬರ್ 1ರಿಂದ, 21 ತುಂಬಿ ಬಂದೂಕು ಇಟ್ಟುಕೊಳ್ಳಲು ಅರ್ಹರಾದವರಿಗೆ ಆ ಲೈಸೆನ್ಸೂ ಬೇಡ. ಆದರೂ ಬಚ್ಚಿಡುತ್ತಾರೆ. ಕಳ್ಳನಿಗೆ ಗೊತ್ತಾಗಬಾರದಂತೆ. ಅದೇ ಅಂಗಡಿಗೆ ಬಂದ ಕಳ್ಳನೂ ದಾಸವಾಳದ ಶರ್ಟು ಹಾಕಿದ್ದರೆ ಏನು ಗತಿ ಅಂತ ಯಾರೂ ಯೋಚಿಸಿದಂತಿಲ್ಲ. (ಕೊಡಗಿನಲ್ಲಿ ಕೈಲ್ ಮುಹೂರ್ತದ ದಿನ ಕೋವಿಗೆ ಹೂವಿಟ್ಟು ಎಲ್ಲರೆದುರು ಪೂಜೆ ಮಾಡುತ್ತಾರೆ. ಚಡ್ಡಿಯೊಳಗೆ ಸಿಕ್ಕಿಸಿಕೊಂಡು ಸೊಪ್ಪು ತರಲು ಹೋಗುವುದಿಲ್ಲ.)

ಹಾಗಂತ ನಿಯಮವೇ ಇಲ್ಲ ಅಂದುಕೊಳ್ಳಬೇಡಿ. ಒಂದು ಬಾರ್‌ನ ಆದಾಯದಲ್ಲಿ ಶೇ 51 ಅಥವಾ ಅದಕ್ಕಿಂತ ಜಾಸ್ತಿ ಅಲ್ಲೇ ಕೂತು ಕುಡಿಯುವ ಮದ್ಯದಿಂದ ಬರುತ್ತಿದ್ದರೆ ಪಿಸ್ತೂಲು ಒಳಗೆ ತರುವಂತಿಲ್ಲ. ಬಾಗಿಲಲ್ಲಿ ಕೆಂಪಗೆ 51% ಅಂತ ಬೋರ್ಡು ಇರುತ್ತದೆ. ಬಿಯರಿನ ಜೊತೆ ಕೋಳಿ ರೆಕ್ಕೆ ಸ್ವಲ್ಪ ಚೆನ್ನಾಗಿ ಮಾರಿ 49ಕ್ಕೆ ಇಳಿದರೆ ಆ ಬೋರ್ಡು ಬೇಕಿಲ್ಲ. ಸಾರ್ವಜನಿಕ ಸುರಕ್ಷತೆ ಅಡುಗೆಭಟ್ಟನ ಕೈಯಲ್ಲಿದೆ.

ಇನ್ನು ರಾಜಧಾನಿ ಆಸ್ಟಿನ್‌ನ ಶಾಸನಸಭೆ. 2010ರ ಜನವರಿಯಲ್ಲಿ ಅದರ ಮುಂದೆ ಒಬ್ಬ ಗುಂಡು ಹಾರಿಸಿದ. ಆಮೇಲೆ ಬಾಗಿಲಿಗೆ ಲೋಹ ಪತ್ತೆ ಯಂತ್ರ ಬಂತು, ಉದ್ದನೆಯ ಕ್ಯೂ ಬಂತು. ಆದರೆ ಪಿಸ್ತೂಲಿನ ಲೈಸೆನ್ಸ್ ಇದ್ದವರಿಗೆ ಯಂತ್ರವೂ ಇಲ್ಲ, ಕ್ಯೂವೂ ಇಲ್ಲ, ಕಾರ್ಡು ತೋರಿಸಿ ನೇರ ಒಳಗೆ. ಲಾಬಿ ಮಾಡುವವರು, ವರದಿಗಾರರು ಕ್ಯೂ ತಪ್ಪಿಸಿಕೊಳ್ಳಲೆಂದೇ ಹೋಗಿ ಲೈಸೆನ್ಸ್ ಮಾಡಿಸಿಕೊಂಡರು. ಬಂದೂಕು ಪತ್ತೆ ಮಾಡುವ ಯಂತ್ರದೊಳಗೆ ಹಾದುಹೋದದ್ದು ಬಂದೂಕಿಲ್ಲದವರು.

ಅಲ್ಲಿನ ನಮ್ಮ ಕನ್ನಡದ ಹುಡುಗರಿಗೂ ಇದರಲ್ಲಿ ಒಂದು ಪಾತ್ರ ಇದೆ. ಎಚ್-1ಬಿ ವೀಸಾದವರು ಬಂದೂಕು ಇಟ್ಟುಕೊಳ್ಳುವಂತಿಲ್ಲ ಎನ್ನುತ್ತದೆ ಫೆಡರಲ್ ಕಾನೂನು. ಆದರೆ ಒಂದು ಕಿಂಡಿ ಬಿಟ್ಟಿದೆ. ಬೇಟೆಯ ಲೈಸೆನ್ಸ್ ಇದ್ದರೆ ಆಗಬಹುದು. ಹೀಗಾಗಿ ಮೊಟ್ಟೆಯನ್ನೂ ಮುಟ್ಟದ ಮನೆಯ ಸಾಫ್ಟ್‌ವೇರ್ ಹುಡುಗ ಜಿಂಕೆ ಬೇಟೆಗೆ ಅರ್ಜಿ ಹಾಕಬೇಕು.

"ಏನೋ ಮಗಾ, ಬೇಟೆ ಆಡ್ತೀಯಂತೆ?"

"ಇಲ್ಲಮ್ಮ, ಸುಮ್ನೆ ಲೈಸೆನ್ಸ್ ಅಷ್ಟೇ. ಪಿಸ್ತೂಲಿಗೆ."

ಅಮ್ಮನಿಗೆ ಆಗ ಸಮಾಧಾನ ಆಗುತ್ತದೋ ಇಲ್ಲವೋ ನೀವೇ ಹೇಳಿ.

ಇಷ್ಟೆಲ್ಲ ಒದ್ದಾಡಿ ಬಚ್ಚಿಟ್ಟ ಮೇಲೆ ಅದು ಎಷ್ಟು ಚೆನ್ನಾಗಿ ಬಚ್ಚಿಟ್ಟಂತಾಗುತ್ತದೆ ಎಂದರೆ, ಇಟ್ಟವನಿಗೇ ಮರೆತುಹೋಗುತ್ತದೆ. 2023ರಲ್ಲಿ ಅಮೆರಿಕದ ವಿಮಾನ ನಿಲ್ದಾಣಗಳ ತಪಾಸಣೆಯಲ್ಲಿ 6,737 ಬಂದೂಕುಗಳು ಸಿಕ್ಕವು. ಅವುಗಳಲ್ಲಿ ಶೇ 93ರಷ್ಟಕ್ಕೆ ಗುಂಡು ತುಂಬಿತ್ತು. ಆಗ ದಂಡ ಸುಮಾರು 15 ಸಾವಿರ ಡಾಲರ್‌ವರೆಗೂ ಹೋಗಬಹುದಿತ್ತು. ಸಿಕ್ಕಿಬಿದ್ದವರು ಸಾಮಾನ್ಯವಾಗಿ ಹೇಳುವುದು ಒಂದೇ ಮಾತು: "ಬ್ಯಾಗಲ್ಲಿ ಇದೆ ಅಂತ ನೆನಪೇ ಇರಲಿಲ್ಲ ಸಾರ್." ನೀರಿನ ಬಾಟಲಿಯನ್ನು ಮಾತ್ರ ಪಾಪ, ಜ್ಞಾಪಕ ಇಟ್ಟುಕೊಂಡು ಖಾಲಿ ಮಾಡಿಯೇ ಬಂದಿರುತ್ತಾರೆ.