ವೇಳಾಪಟ್ಟಿಯಲ್ಲಿ ಗ್ರಂಥಾಲಯಕ್ಕೊಂದು ತಾಸು: ಪರ-ವಿರೋಧ

ಎಂಟರಿಂದ ಹತ್ತನೆಯ ತರಗತಿಯವರೆಗಿನ ಮಕ್ಕಳಿಗೆ ಗ್ರಂಥಾಲಯ ಬಳಸುವುದನ್ನೂ ಮಾಹಿತಿ ಹುಡುಕಿ ಪರೀಕ್ಷಿಸುವುದನ್ನೂ ಪ್ರತ್ಯೇಕ ಪಾಠವಾಗಿ ಕಲಿಸಬೇಕೇ? ವಾರಕ್ಕೊಂದು ತಾಸು (ಒಂದು ಪಾಠದ ಅವಧಿ) ಮೀಸಲಿಡಬೇಕೆಂಬ ಮಾತಿಗೆ ಇಬ್ಬರು ಶಿಕ್ಷಕರ ಅಭಿಪ್ರಾಯಗಳು ಇಲ್ಲಿವೆ. ಒಬ್ಬರು ವಿಜಯಪುರ ನಗರದವರು, ಇನ್ನೊಬ್ಬರು ಬಾಗಲಕೋಟೆ ಜಿಲ್ಲೆಯ ಹಳ್ಳಿಯೊಂದರ ಶಾಲೆಯವರು.

ಪರ

ವಿಜಯಪುರದ ಯಾವ ವಿದ್ಯಾರ್ಥಿಯನ್ನು ಕೇಳಿದರೂ ಗೋಳಗುಮ್ಮಟ ಜಗತ್ತಿನ ಎರಡನೆಯ ಅತಿ ದೊಡ್ಡ ಗುಮ್ಮಟ ಎನ್ನುತ್ತಾನೆ. ಯಾರು ಹೇಳಿದರು ಎಂದರೆ ತಡವರಿಸುತ್ತಾನೆ. ಒಂಬತ್ತನೆಯ ತರಗತಿಗೆ ಈ ವಾಕ್ಯವೊಂದನ್ನೇ ಕೊಟ್ಟು, ನಿಜವೋ ಸುಳ್ಳೋ ನೋಡಿಕೊಂಡು ಬನ್ನಿ ಎಂದರೆ ಒಂದು ತಿಂಗಳ ಪಾಠಕ್ಕೆ ಸಾಕಾಗುವಷ್ಟು ಸರಕು ಸಿಗುತ್ತದೆ. ಗುಮ್ಮಟದ ಹೊರವ್ಯಾಸ ಸುಮಾರು 44 ಮೀಟರ್. ಒಳಗಿನಿಂದ ಅಳೆದರೆ ಸುಮಾರು 38 ಮೀಟರ್. ರೋಮಿನ ಪ್ಯಾಂಥಿಯನ್ನಿನ ಒಳವ್ಯಾಸ 43 ಮೀಟರ್ ದಾಟುತ್ತದೆ. ಹಾಗಾದರೆ ದೊಡ್ಡದು ಯಾವುದು, ಅಳತೆ ಎಲ್ಲಿಂದ ಎಲ್ಲಿಗೆ? ಮಾತು ಯಾವ ಕಾಲದ್ದು? ಗೋಳಗುಮ್ಮಟ ಮುಗಿದದ್ದು 1656ರಲ್ಲಿ. ಉಕ್ಕು, ಕಾಂಕ್ರೀಟು ಬಂದ ಮೇಲೆ ಇವೆರಡಕ್ಕಿಂತಲೂ ಅಗಲವಾದ ಗುಮ್ಮಟಗಳು ಎದ್ದಿವೆ. ಇಷ್ಟೆಲ್ಲ ತಿಳಿದ ಮಗುವಿನ ಕಣ್ಣಿಗೆ ನಮ್ಮ ಗುಮ್ಮಟ ಚಿಕ್ಕದಾಗುವುದಿಲ್ಲ. ನಡುವೆ ಒಂದೂ ಕಂಬವಿಲ್ಲದೆ ಅದನ್ನು ನಿಲ್ಲಿಸಿದವರ ಲೆಕ್ಕಾಚಾರ ಏನಿರಬಹುದು ಎಂಬ ಕಡೆಗೆ ಅದರ ಕುತೂಹಲ ತಿರುಗುತ್ತದೆ.

ಕಿತ್ತೂರಿನ ಚೆನ್ನಮ್ಮ ಬೈಲಹೊಂಗಲದ ಸೆರೆಯಲ್ಲಿ ತೀರಿಕೊಂಡದ್ದು 1829ರ ಫೆಬ್ರವರಿ 2 ಎಂದು ಒಂದು ಪುಸ್ತಕದಲ್ಲಿದೆ, 21 ಎಂದು ಇನ್ನೊಂದರಲ್ಲಿದೆ. ಭಾಷಣಕ್ಕೆ ತಯಾರಾಗುವ ಹುಡುಗಿ ಎರಡನ್ನೂ ಕಂಡು ಯಾವುದನ್ನು ಬರೆಯಲಿ ಎಂದು ಬಂದು ಕೇಳುತ್ತಾಳೆ. ನಾನು ಒಂದು ತಾರೀಖು ಹೇಳಿ ಕಳುಹಿಸಿದರೆ ಅವಳ ಕೆಲಸ ಮುಗಿಯುತ್ತದೆ, ಕಲಿಕೆಯೂ ಅಲ್ಲಿಗೇ ಮುಗಿಯುತ್ತದೆ. ಪುಸ್ತಕ ಯಾವ ವರ್ಷದ್ದು, ಬರೆದವರು ಯಾವ ಆಧಾರ ಕೊಟ್ಟಿದ್ದಾರೆ, ಒಬ್ಬರನ್ನು ನೋಡಿ ಇನ್ನೊಬ್ಬರು ನಕಲು ಮಾಡಿದರೇ ಎಂದು ಅವಳ ಪಕ್ಕದಲ್ಲಿ ಕುಳಿತು ನೋಡಲು ನನಗೆ ಸಮಯ ಬೇಕು. ಹತ್ತಾರು ಪಾಠ ಮುಗಿಸಬೇಕಾದ ಸಮಾಜ ವಿಜ್ಞಾನದ ಅವಧಿಯಲ್ಲಿ ಆ ಸಮಯ ಸಿಗುವುದಿಲ್ಲ.

ಈಗ ನಡೆಯುತ್ತಿರುವ ಪ್ರಾಜೆಕ್ಟುಗಳನ್ನು ನೋಡಿದರೆ ಸಂಕಟವಾಗುತ್ತದೆ. ಆಂತರಿಕ ಅಂಕಗಳಿಗಾಗಿ ಮಗು ಜೆರಾಕ್ಸ್ ಅಂಗಡಿಗೆ ಹೋಗುತ್ತದೆ, ಅಂಗಡಿಯವರು ಕಂಪ್ಯೂಟರಿನಿಂದ ನಾಲ್ಕು ಹಾಳೆ ತೆಗೆದುಕೊಡುತ್ತಾರೆ, ಹಣ ಅಪ್ಪನದು, ಬಣ್ಣದ ರಟ್ಟು ಅಕ್ಕ ಹಚ್ಚಿದ್ದು. ಮೊಬೈಲ್ ಇದ್ದವರಿಗೆ ಅಂಗಡಿಯೂ ಬೇಡ. ಯಂತ್ರವನ್ನು ಕೇಳಿದರೆ ಸೊಗಸಾದ ಕನ್ನಡದಲ್ಲಿ ಉತ್ತರ ಬರುತ್ತದೆ, ತಪ್ಪಿದ್ದರೂ ಅಷ್ಟೇ ಸೊಗಸಾಗಿರುತ್ತದೆ. ಪರಿವಿಡಿ ಯಾವುದು, ಪದಸೂಚಿ ಯಾವುದು, ಓದಿದ್ದನ್ನು ಮುಚ್ಚಿಟ್ಟು ಸ್ವಂತ ಮಾತಿನಲ್ಲಿ ಬರೆಯುವುದು ಹೇಗೆ, ಎಲ್ಲಿಂದ ತೆಗೆದುಕೊಂಡೆ ಎಂದು ಹೇಳುವುದು ಏಕೆ: ಇವನ್ನು ಯಾರೂ ಕಲಿಸದೆ ಮಕ್ಕಳು ನಕಲು ಮಾಡುತ್ತಾರೆ ಎಂದು ಬೈಯುವುದು ಅನ್ಯಾಯ.

ಇದು ಫ.ಗು. ಹಳಕಟ್ಟಿಯವರು ಬಾಳಿದ ಊರು. ವಕೀಲಿ ವೃತ್ತಿಯ ನಡುವೆ ಊರೂರು ಅಲೆದು ತಾಡೋಲೆ ಕಟ್ಟುಗಳನ್ನು ಕೂಡಿಸಿ, ಒಂದರ ಪಕ್ಕ ಒಂದನ್ನಿಟ್ಟು ನೋಡಿ, 1923ರಲ್ಲಿ ವಚನಶಾಸ್ತ್ರಸಾರದ ಮೊದಲ ಭಾಗವನ್ನು ಅಚ್ಚಿಗೆ ತಂದರು. ಜುಲೈ 2ರಂದು ಅವರ ಜಯಂತಿ ಆಚರಿಸಿ ಸಿಹಿ ಹಂಚುವ ನಾವು, ಅವರು ಮಾಡಿದ ಕೆಲಸದ ಕಿಂಚಿತ್ತನ್ನಾದರೂ ಮಕ್ಕಳ ಕೈಯಿಂದ ಮಾಡಿಸಬಾರದೇ? ವಾರಕ್ಕೆ ನಲವತ್ತು ನಿಮಿಷ ಕೇಳುತ್ತಿದ್ದೇನೆ, ಅಷ್ಟೇ.

ವಿರೋಧ

ಮಕ್ಕಳು ಮೂಲ ಹುಡುಕಲು ಕಲಿಯಬೇಕು ಎಂಬುದಕ್ಕೆ ನನ್ನ ತಕರಾರಿಲ್ಲ. ತಕರಾರು ಇರುವುದು ಆ ಪ್ರತ್ಯೇಕ ತಾಸಿಗೆ.

ಹಳ್ಳಿಯ ಪ್ರೌಢಶಾಲೆಯಲ್ಲಿ ಗ್ರಂಥಾಲಯವೆಂದರೆ ಮುಖ್ಯೋಪಾಧ್ಯಾಯರ ಕೊಠಡಿಯ ಒಂದು ಕಪಾಟು. ಗ್ರಂಥಪಾಲಕರಿಲ್ಲ, ಕನ್ನಡದ ಶಿಕ್ಷಕರೋ ಹಿಂದಿಯ ಶಿಕ್ಷಕರೋ ಹೆಚ್ಚುವರಿ ಹೊಣೆ ಹೊತ್ತಿರುತ್ತಾರೆ. ದಾಸ್ತಾನು ವಹಿಯಲ್ಲಿ ಪ್ರತಿ ಪುಸ್ತಕಕ್ಕೂ ನಮೂದು ಇರುತ್ತದೆ. ಪುಸ್ತಕ ಕಳೆದರೆ, ಹರಿದರೆ, ವರ್ಗಾವಣೆಯ ದಿನ ಅದಕ್ಕೆ ಉತ್ತರ ಕೊಡಬೇಕಾದವರು ಅವರೇ. ಹೀಗಿರುವಾಗ ಅವರು ಬೀಗ ಹಾಕುತ್ತಾರೆ, ಅದು ಅವರ ತಪ್ಪಲ್ಲ. ಬೀಗ ಹಾಕಿದ ಕಪಾಟಿನ ಮುಂದೆ ಗ್ರಂಥಾಲಯ ಕೌಶಲದ ಪಾಠ ನಡೆದರೆ ಏನು ನಡೆಯುತ್ತದೆ ಎಂದು ನನಗೆ ಚೆನ್ನಾಗಿ ಗೊತ್ತು. ಪುಸ್ತಕಗಳನ್ನು ವಿಷಯವಾರು ಜೋಡಿಸುವ ಡ್ಯೂಯಿ ವರ್ಗೀಕರಣ ಬಂದದ್ದು 1876ರಲ್ಲಿ, ಗ್ರಂಥಾಲಯ ವಿಜ್ಞಾನಿ ರಂಗನಾಥನ್ ಅವರ ಐದು ಸೂತ್ರಗಳು 1931ರಲ್ಲಿ ಎಂದು ನೋಟ್ಸ್ ಬರೆಸುತ್ತೇವೆ. ಮೊದಲ ಸೂತ್ರ 'ಪುಸ್ತಕಗಳು ಬಳಕೆಗಾಗಿ' ಎಂದು ಮಗು ಬಾಯಿಪಾಠ ಒಪ್ಪಿಸಿ ಒಂದು ಅಂಕ ಪಡೆಯುತ್ತದೆ. ಪುಸ್ತಕ ಮಾತ್ರ ಅದರ ಕೈಗೆ ಬಂದಿರುವುದಿಲ್ಲ.

ತಾಸು ಉಳಿಯುವುದೂ ಇಲ್ಲ. ಎಸ್ಸೆಸ್ಸೆಲ್ಸಿಯ ಅಂಕಗಳ ಒತ್ತಡದಲ್ಲಿ ಚಿತ್ರಕಲೆ, ಆಟದ ತಾಸುಗಳು ಡಿಸೆಂಬರ್ ಹೊತ್ತಿಗೆ ಗಣಿತಕ್ಕೆ ಹೋಗಿಬಿಡುತ್ತವೆ. ಇದಕ್ಕೂ ಅದೇ ಗತಿ.

ಇನ್ನೊಂದು ಮಾತನ್ನು ನಗರದ ಸಹೋದ್ಯೋಗಿಗಳು ಬೇಸರಿಸದೆ ಕೇಳಬೇಕು. ನಮ್ಮಲ್ಲಿ ಗುಳೆ ಹೋದ ಮನೆಯ ಮಕ್ಕಳಿದ್ದಾರೆ. ಎಂಟನೆಯ ತರಗತಿಗೆ ಬಂದರೂ ಒತ್ತಕ್ಷರ ಬಂದಲ್ಲಿ ನಿಂತುಬಿಡುತ್ತಾರೆ. ಅವರ ಮುಂದೆ ಎರಡು ಮೂಲಗಳನ್ನಿಟ್ಟು ಹೋಲಿಸು ಎನ್ನುವುದಕ್ಕಿಂತ ಮೊದಲು, ಒಂದು ಕಥೆಯನ್ನು ಕೊನೆಯವರೆಗೆ ಓದಿದ ಸಂತೋಷವನ್ನು ಅವರಿಗೆ ಕೊಡಬೇಕು. ಅದೂ ಅಲ್ಲದೆ, ಹುಡುಕು ಎಂದರೆ ಎಲ್ಲಿ ಹುಡುಕಬೇಕು? ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ವಿಶ್ವಕೋಶದ 14 ಸಂಪುಟಗಳನ್ನು ನಮ್ಮ ಕಪಾಟಿನಲ್ಲಿ ನಾನು ಕಂಡಿಲ್ಲ. ಅಂತರಜಾಲದಲ್ಲಿ ವಿಜ್ಞಾನದ ವಿಷಯ ಹುಡುಕಿದರೆ ಸಿಗುವ ಹೆಚ್ಚಿನ ಪುಟಗಳು ಇಂಗ್ಲಿಷಿನವು.

ಗೋಳಗುಮ್ಮಟದ ಉದಾಹರಣೆ ಚೆನ್ನಾಗಿದೆ. ಆದರೆ ಅದು ಇತಿಹಾಸದ, ಗಣಿತದ ಪಾಠ. ಅಲ್ಲಿಯೇ ನಡೆಯಬೇಕು. ನಮ್ಮ ಜಿಲ್ಲೆಯ ಐಹೊಳೆಯನ್ನೇ ನೋಡಿ. ಪ್ರತಿ ವರ್ಷ ಮಕ್ಕಳನ್ನು ಪ್ರವಾಸಕ್ಕೆ ಕರೆದೊಯ್ಯುತ್ತೇವೆ, ಮೇಗುತಿ ಗುಡಿಯ ಮುಂದೆ ಫೋಟೋ ತೆಗೆಸಿಕೊಂಡು ಇಳಿಯುತ್ತೇವೆ. ಅಲ್ಲಿ 634ರ ಸುಮಾರಿಗೆ ರವಿಕೀರ್ತಿ ಬರೆದ ಶಾಸನವಿದೆ. ಹರ್ಷನ ಹರ್ಷವನ್ನು ಪುಲಿಕೇಶಿ ಕಳೆದನು ಎನ್ನುತ್ತದೆ. ಬರೆದವನು ಪುಲಿಕೇಶಿಯ ಆಸ್ಥಾನದವನೇ, ತನ್ನ ಒಡೆಯನನ್ನು ಹೊಗಳದೆ ಇರುತ್ತಾನೆಯೇ, ನಂಬುವುದು ಹೇಗೆ ಎಂದು ಗುಡಿಯ ಮೆಟ್ಟಿಲ ಮೇಲೆಯೇ ಕೇಳಬಹುದು. ಆಮೇಲೆ ಹ್ಯೂಯೆನ್ ತ್ಸಾಂಗನ ಬರಹವನ್ನು ಮುಂದಿಡಬಹುದು: ಹರ್ಷನ ಆದರಕ್ಕೆ ಪಾತ್ರನಾಗಿದ್ದ ಆ ಯಾತ್ರಿಕನೂ ಹರ್ಷನಿಗೆ ಪುಲಿಕೇಶಿಯನ್ನು ಮಣಿಸಲಾಗಲಿಲ್ಲ ಎಂದೇ ದಾಖಲಿಸಿದ್ದಾನೆ. ಎದುರು ಪಾಳೆಯಕ್ಕೆ ಹತ್ತಿರದವನ ಸಾಕ್ಷ್ಯಕ್ಕೆ ತೂಕ ಏಕೆ ಹೆಚ್ಚು ಎಂಬುದು ಮಕ್ಕಳಿಗೆ ಅಲ್ಲಿ ತಾನಾಗಿ ತಿಳಿಯುತ್ತದೆ. ಪುಲಿಕೇಶಿಯನ್ನು ಬಿಟ್ಟು ಇದನ್ನು ಮಾತ್ರ 'ಕೌಶಲ' ಎಂದು ಕಲಿಸಲು ಹೋದರೆ ಏನೂ ಉಳಿಯುವುದಿಲ್ಲ.

ಹಳಕಟ್ಟಿಯವರನ್ನೂ ನೆನೆದಿದ್ದಾರೆ. ಅವರನ್ನು ತಾಡೋಲೆಗಳತ್ತ ಎಳೆದದ್ದು ವಚನಗಳ ಮೇಲಿನ ಪ್ರೀತಿ. ವಿಧಾನ ಅದರ ಬೆನ್ನಿಗೆ ಬಂತು.

ಹಳ್ಳಿಗಳಲ್ಲಿ ಈಗ ಗ್ರಾಮ ಪಂಚಾಯಿತಿಯ ಗ್ರಂಥಾಲಯ ಮತ್ತು ಅರಿವು ಕೇಂದ್ರಗಳಿವೆ. 2020ರಲ್ಲಿ ಆರಂಭವಾದ 'ಓದುವ ಬೆಳಕು' ಕಾರ್ಯಕ್ರಮದಲ್ಲಿ ಮಕ್ಕಳಿಗೆ ಉಚಿತ ಸದಸ್ಯತ್ವವಿದೆ. ಶನಿವಾರ ಶಾಲೆ ಬಿಡುವ ಮುನ್ನ ತರಗತಿಯನ್ನೇ ಅಲ್ಲಿಗೆ ನಡೆಸಿಕೊಂಡು ಹೋಗಲು ಹೊಸ ಪಠ್ಯಕ್ರಮ ಬೇಕಿಲ್ಲ. ಇಲಾಖೆಯಿಂದ ನಾನು ಕೇಳುವುದು ಒಂದು ಸುತ್ತೋಲೆಯನ್ನು: ಮಕ್ಕಳು ಓದಿ ಹರಿದ ಪುಸ್ತಕಕ್ಕೆ ಶಿಕ್ಷಕರು ಹೊಣೆಯಲ್ಲ, ವರ್ಷಕ್ಕೆ ಇಂತಿಷ್ಟು ಪುಸ್ತಕ ಸವೆದೇ ಸವೆಯುತ್ತವೆ ಎಂದು ಒಪ್ಪಿಕೊಳ್ಳುವ ಸುತ್ತೋಲೆ. ಅದು ಬಂದ ಮರುದಿನವೇ ನಮ್ಮ ಶಾಲೆಯ ಕಪಾಟು ವರಾಂಡಕ್ಕೆ ಬರುತ್ತದೆ.